ಶನಿವಾರದ ಒಂದು ಪೀರಿಯಡ್

ನಾವು ತೊಗಲುಗೊಂಬೆ ಆಡಿಸುವವರು. ಹೊರಗೆ ಕನ್ನಡ, ಮನೆಯೊಳಗೆ ನಮ್ಮದೇ ಮಾತು. ಅದಕ್ಕೆ ಲಿಪಿಯಿಲ್ಲ, ಪುಸ್ತಕವಿಲ್ಲ. ಹುಳಿಯಾರಿನ ಸುತ್ತ ನಮ್ಮ ಮನೆಗಳೇ ಬೆರಳೆಣಿಕೆಯಷ್ಟು. ಗೊಂಬೆಯ ಕತೆಯನ್ನು ಆ ಮಾತಿನಲ್ಲಿ ಮೊದಲಿನಿಂದ ಕೊನೆಯತನಕ ಹೇಳಬಲ್ಲವಳು ಈಗ ನನ್ನ ದೊಡ್ಡಮ್ಮ ಒಬ್ಬಳೇ. ನನಗೆ ಬರುವುದು ಅರ್ಧಂಬರ್ಧ. ನನ್ನ ಮಗಳಿಗಾದರೂ ಅದು ದಕ್ಕಲಿ ಎಂಬುದೇ ನನಗೆ ಹಿಡಿದ ಹುಚ್ಚು.

ಶಾಲೆಗಳಿಗೆ ಹೋಗಿ ಗೊಂಬೆ ಕುಣಿಸಿ ಕನ್ನಡದಲ್ಲಿ ಕತೆ ಹೇಳುವುದು ನನ್ನ ಕಸುಬು. ಮೇಷ್ಟ್ರುಗಳು ಚಪ್ಪಾಳೆ ಹೊಡೆಸುತ್ತಾರೆ, ಫೋಟೋ ತೆಗೆಸಿಕೊಳ್ಳುತ್ತಾರೆ. ನಮ್ಮ ಮಾತಿಗೂ ಒಂದು ಪೀರಿಯಡ್ ಕೊಡಿ ಅಂದರೆ ಮಾತ್ರ ಗಡಿಯಾರ ನೋಡುತ್ತಾರೆ. ಶಿಕ್ಷಣ ಇಲಾಖೆಯ ಆಫೀಸಿಗೆ ಅಲೆದು ಅಲೆದು ಸಾಕಾಯಿತು. “ಸ್ಟೇಜ್ ಮೇಲೆ ಚೆನ್ನಾಗಿರ್ತದೆ ಕಣಮ್ಮ, ಪಾಠಕ್ಕೆ ಯಾಕೆ?” ಅಂದ ಸಾಹೇಬರ ಮುಖಕ್ಕೆ ಕೈಲಿದ್ದ ಗೊಂಬೆ ಎಸೆದು ಬರೋಣ ಅನ್ನಿಸಿತ್ತು. ದೇವರ ಗೊಂಬೆ, ಎಸೆಯಲಿಲ್ಲ. ಕೊನೆಗೆ ಮಗಳ ಶಾಲೆಯ ಹೆಡ್‌ಮಿಸ್ಸು, ನನ್ನ ಕಾಟ ತಡೆಯಲಾರದೆ, ಒಂದು ಶನಿವಾರ ಬನ್ನಿ ಅಂದರು. “ಮಕ್ಳು ಒಪ್ಪಿದ್ರೆ ವಾರವಾರ ಇಡೋಣ ಕಣ್ರೀ.”

ಈಗ ದೊಡ್ಡಮ್ಮನದು ರಗಳೆ. ಹಗಲು ಹೊತ್ತು ಕತೆ ಹೇಳಿದರೆ ದಾರಿಯಲ್ಲಿರುವವರು ದಾರಿ ತಪ್ಪುತ್ತಾರೆ ಎಂಬ ನಂಬಿಕೆ ನಮ್ಮಲ್ಲಿದೆ. ಕಿಟಕಿ ಬಾಗಿಲು ಮುಚ್ಚಿಸಿ ಕತ್ತಲು ಮಾಡಿಸುತ್ತೇನೆಂದು ಗೋಗರೆದ ಮೇಲೆ ಒಪ್ಪಿದಳು.

ಶಾಲೆಯ ಪಕ್ಕದ ತೋಟದಲ್ಲಿ ಕಾಯಿ ಕೆಡವುತ್ತಿದ್ದರು. ಧೊಪ್ಪೆಂದಾಗಲೆಲ್ಲ ಬೆಚ್ಚುತ್ತಲೇ ದೊಡ್ಡಮ್ಮ ನಮ್ಮ ಮಾತಿನಲ್ಲಿ ಕತೆ ಶುರುಮಾಡಿದಳು, ನಾನು ಗೊಂಬೆ ಕುಣಿಸಿದೆ. ಆ ಮಾತಿನ ಸದ್ದಿಗೇ ಮಕ್ಕಳು ಮುಖಮುಖ ನೋಡಿಕೊಂಡು ಕಿಸಿಕಿಸಿ ನಕ್ಕರು. ಮುಗಿದ ಮೇಲೆ ಹೆಡ್‌ಮಿಸ್ಸು, “ಯಾರ್‍ಯಾರಿಗೆ ಅರ್ಥ ಆಯ್ತು? ಕೈಯೆತ್ತಿ” ಅಂದರು. ನಮ್ಮವರ ಮಕ್ಕಳೇ ಐದಾರು ಇದ್ದವು. ಒಂದೂ ಕೈಯೆತ್ತಲಿಲ್ಲ.

“ನಿಮ್ಮಜ್ಜಿ ಅಲ್ವೇನೇ?” ಎಂದು ನನ್ನ ಮಗಳನ್ನೇ ಕೇಳಿದರು.

“ನಮ್ಮನೇಲಿ ಕನ್ನಡನೇ ಮಿಸ್. ನಂಗೇನೂ ಅರ್ಥ ಆಗ್ಲಿಲ್ಲ.”

ಅಯ್ಯೋ, ಅಜ್ಜಿಯ ತಮಾಷೆಯ ಮಾತಿಗೆ, ಗೊಂಬೆ ಇನ್ನೂ ಅಲ್ಲಾಡುವ ಮೊದಲೇ, ನಕ್ಕವಳು ಅವಳೊಬ್ಬಳೇ! ನಾನು ಕಣ್ಣಾರೆ ನೋಡಿದ್ದೆ. ಹೆಡ್‌ಮಿಸ್ಸು ನನ್ನತ್ತ ತಿರುಗಿ ತಲೆಯಾಡಿಸಿದರು. ಮುಂದಿನ ಶನಿವಾರ ಆ ಪೀರಿಯಡ್ ಗಣಿತಕ್ಕೆ ಹೋಯಿತು.

ಅಂದು ಮನೆಗೆ ಬರುವಾಗ ನಮ್ಮ ಮಾತಿನಲ್ಲೇ ಮಗಳಿಗೆ ಬಾಯಿಗೆ ಬಂದಂತೆ ಬೈದೆ. ಅವಳು ಕನ್ನಡದಲ್ಲಿ ಉತ್ತರ ಕೊಟ್ಟಳು. “ನೀನು ಕತೆ ಹೇಳಿ ಹೊರಟೋಯ್ತೀಯ ಕಣಮ್ಮ. ಸೋಮವಾರ ಅವ್ರ ಮಧ್ಯೆ ಕೂತ್ಕೊಳೋಳು ನಾನು.”

ದೊಡ್ಡಮ್ಮ ನಮ್ಮ ಹಿಂದೆಯೇ ಬರುತ್ತಿದ್ದಳು, ಎಲ್ಲ ಕೇಳಿಸಿಕೊಂಡಿದ್ದಳು.

ಮನೆಯಲ್ಲಿ ಮುದ್ದೆ ಕಟ್ಟಿ, ತಟ್ಟೆಗಿಟ್ಟು, ಮೊಮ್ಮಗಳನ್ನು ಕರೆದಳು. “ಬಾರವ್ವ, ಉಣ್ಣು ಬಾ.” ಆ ಮಗು ಹುಟ್ಟಿದಾಗಿನಿಂದ ದೊಡ್ಡಮ್ಮ ಅವಳೊಡನೆ ಕನ್ನಡ ಆಡಿದ್ದು ಅದೇ ಮೊದಲು.

“ಬಂದೆ ಅಜ್ಜಿ” ಅಂದು ಮಗಳು ಊಟಕ್ಕೆ ಕೂತಳು.