ಆ ವಾಸನೆ ನನ್ನ ಮನೆಯದು

ಮೆಟ್ಟಿಲ ತುಂಬ ಹರಡಿದ್ದ ಆ ವಾಸನೆ ನನ್ನ ಮನೆಯದು. ಸಲ್ಮಕ್ಕ, ನಿಮ್ಮ ಮನೆಯದಲ್ಲ. ನಿಮ್ಮದು ಎಂದು ಹೇಳಿದವಳು ನಾನು — ಒಂದು ಸಲವಲ್ಲ, ಎರಡು ಸಲ. ಮೊದಲನೆಯ ಸಲ ಬಾಯಿ ತಪ್ಪಿ ಬಂತು ಎಂದು ನನ್ನನ್ನೇ ನಂಬಿಸಿಕೊಳ್ಳಲು ನೋಡಿದೆ. ಎರಡನೆಯದಕ್ಕೆ ಆ ನೆಪವೂ ಇಲ್ಲ. ನಾಲ್ಕು ವರ್ಷವಾದ ಮೇಲೆ, ನಿಮಗೆ ಓದಲು ಬಾರದ ಕನ್ನಡದಲ್ಲಿ ಇದನ್ನು ಬರೆಯುತ್ತಿದ್ದೇನೆ. ಅದೂ ಹೇಡಿತನವೇ ಇರಬಹುದು.

ಸ್ವೀಡನ್ನಿನ ಉಪ್ಸಾಲಾದ ನಮ್ಮ ಕಟ್ಟಡಕ್ಕೆ ಮೂರು ಮಹಡಿ, ಲಿಫ್ಟ್ ಇಲ್ಲ. ನಾವು ಎರಡನೆಯದರಲ್ಲಿ. ನಮ್ಮ ತಲೆಯ ಮೇಲೆ ನೀವು ಮತ್ತು ನಿಮ್ಮ ಯಜಮಾನರು ಕರೀಂ. ಇರಾಕಿನ ಬಸ್ರಾದಿಂದ ಬಂದು ಹದಿನೈದು ವರ್ಷವಾಗಿದ್ದರೂ ನೀವು ಮೂರನೆಯ ಸಲ ಸ್ವೀಡಿಷ್ ಕ್ಲಾಸಿಗೆ ಸೇರಿದ್ದಿರಿ, ನನ್ನದು ಮೊದಲನೆಯದು. ಪಕ್ಕಪಕ್ಕ ಕೂತು ಇಬ್ಬರೂ ಹರಕುಮುರುಕು ಮಾತಾಡಿಕೊಂಡೇ ಸ್ನೇಹಿತರಾದೆವು. ನನಗೆ ಪರೀಕ್ಷೆ ಇದ್ದ ದಿನಗಳಲ್ಲಿ ಡಾಗಿಸ್‌ನಿಂದ, ಇಲ್ಲಿಯ ಶಿಶುವಿಹಾರದಿಂದ, ನನ್ನ ಮಗಳನ್ನು ಕರೆತಂದು ಖರ್ಜೂರ ತಿನ್ನಿಸಿ ಕೂರಿಸಿಕೊಳ್ಳುತ್ತಿದ್ದವರು ನೀವು.

ಕುಂದಾಪುರ ಕಡೆಯ ನಾನು ಸಮುದ್ರದ ದಡದಲ್ಲಿ ಬೆಳೆದವಳು ಎಂದು ತಿಳಿದ ದಿನ ನೀವು ನನ್ನನ್ನು ಇರಾಕಿಗಳ ಅಂಗಡಿಗೆ ಎಳೆದುಕೊಂಡು ಹೋದಿರಿ. ಒಣನಿಂಬೆ, ಎಳ್ಳಿನ ಸಿಹಿಗಳ ಹಿಂದಿನ ಕಪಾಟಿನಿಂದ ಒಂದು ಪೊಟ್ಟಣ ತೆಗೆದು ಮೂಗಿಗೆ ಹಿಡಿದಿರಿ — ಒಣಸಿಗಡಿ. ಬಸ್ರಾದವರೂ ಸಿಗಡಿ ಒಣಗಿಸುತ್ತಾರೆ ಎಂದು ನನಗೆ ಗೊತ್ತೇ ಇರಲಿಲ್ಲ. ಅಂಗಡಿಯಲ್ಲೇ ನನಗೆ ಅಳು ಬಂತು. ನೀವು ನಕ್ಕು ಇನ್ನೊಂದು ಪೊಟ್ಟಣ ಕೊಡಿಸಿದಿರಿ.

ಇಲ್ಲಿಯ ಕನ್ನಡದವರ ನಡುವೆ ನಾನು ಬೇರೆಯೇ ಒಬ್ಬಳಾಗಿದ್ದೆ. ಊರು ಯಾವುದೆಂದು ಕೇಳಿದಾಗ ಉಡುಪಿ ಎಂದಿದ್ದೆ. ಉಡುಪಿ ಎಂದರೆ ಬೆಂಗಳೂರಿನವರಿಗೆ ಮಸಾಲೆದೋಸೆ, ಸಾಂಬಾರು, ಮಠ. ‘ಹಾಗಾದ್ರೆ ನೀವು ಪ್ಯೂರ್ ವೆಜ್ಜು’ ಎಂದರು. ನಾನು ನಕ್ಕುಬಿಟ್ಟೆ. ಆ ನಗುವನ್ನು ಆಮೇಲೆ ಹಿಂದಕ್ಕೆ ತೆಗೆದುಕೊಳ್ಳಲಾಗಲಿಲ್ಲ. ಹೋಗಲಿ, ಮೀನು ತಿನ್ನುತ್ತೇನೆ ಎಂದಿದ್ದರೆ ಯಾರು ಏನು ಮಾಡುತ್ತಿದ್ದರು? ಏನೂ ಇಲ್ಲ. ಅವರ ಊಟದ ಸಾಲಿನಲ್ಲಿ ನನ್ನ ಜಾಗ ಒಂದಿಷ್ಟು ಆಚೆ ಸರಿಯುತ್ತಿತ್ತು, ಅಷ್ಟೆ. ಆ ಒಂದಿಷ್ಟಕ್ಕೆ ನಾನು ಹೆದರಿದೆ.

ಆ ಶನಿವಾರ ಮಧ್ಯಾಹ್ನ ಅವರೆಲ್ಲ ಊಟಕ್ಕೆ ಬರುವವರಿದ್ದರು. ಬೆಳಗ್ಗೆ ನಾನು ಒಣಸಿಗಡಿ ಹುರಿದು ಚಟ್ನಿ ಮಾಡಿದೆ. ಗಂಡ ಕೇಳಿದ್ದಲ್ಲ, ನನಗೇ ಆಸೆಯಾಗಿತ್ತು. ಹೊರಗೆ ಹಿಮ. ಮನೆ ತಣ್ಣಗಾಗುತ್ತದೆಂದು ಕಿಟಕಿ ತೆಗೆಯದೆ, ಬಾಗಿಲನ್ನು ಮೆಟ್ಟಿಲ ಕಡೆಗೆ ತೆರೆದಿಟ್ಟು ಹೊಗೆ ಹೋಗಲು ಬಿಟ್ಟೆ. ತಿಂದು, ಪಾತ್ರೆ ತೊಳೆದು, ಬೇಳೆಸಾರಿಗೆ ಇಂಗಿನ ಒಗ್ಗರಣೆ ಹಾಕಿ, ಎಲ್ಲ ಮುಚ್ಚಿಹೋಯಿತು ಎಂದುಕೊಂಡೆ.

ಅವರಲ್ಲಿ ಮೊದಲು ಬಂದವರು ವಿದ್ಯಾ. ಬೂಟು ಬಿಚ್ಚುವ ಮೊದಲೇ ಮೂಗಿಗೆ ಶಾಲು ಹಿಡಿದು, “ಏನ್ರೀ ಇದು ಸ್ಮೆಲ್ಲು! ಸ್ಟೇರ್‌ಕೇಸ್ ಪೂರ್ತಿ ಇದೆ. ಹೇಗ್ರೀ ಇರ್ತೀರಾ ಇಲ್ಲಿ?” ಎಂದರು. ಅಷ್ಟರಲ್ಲಿ ಕೆಳಗಿನ ಮನೆಯ ಸ್ವೀಡಿಷ್ ಅಜ್ಜಿ ಕೋಲೂರಿಕೊಂಡು ಮೇಲೆ ಬಂದರು. ವಾಸನೆ ನಮ್ಮ ಮನೆಯಿಂದ ಬರುತ್ತಿದೆಯೇ ಎಂದು ಮೆಲ್ಲಗೆ, ಮರ್ಯಾದೆಯಿಂದಲೇ ಕೇಳಿದರು. ಮಗಳು ನನ್ನ ಕಾಲು ತಬ್ಬಿ ನಿಂತಿದ್ದಳು. ಬೆನ್ನ ಹಿಂದೆ ವಿದ್ಯಾ. ನಾನು ಬೆರಳನ್ನು ಮೇಲಕ್ಕೆ ತೋರಿಸಿದೆ.

“ಅಲ್ಲ, ಮೇಲಿನವರದು.”

ಉಳಿದವರೂ ಬಂದು ಒಳಗೆ ಕೂತ ಮೇಲೆ ಕನ್ನಡದಲ್ಲಿ ಇನ್ನಷ್ಟು ಸೇರಿಸಿದೆ — “ಇರಾಕಿನವರು. ಏನ್ ಮಾಡೋದು, ದಿನಾ ಇದೇ ಗೋಳು.” ಎಲ್ಲರೂ ನಕ್ಕರು. ಆಮೇಲೆ ನಮ್ಮ ಯಾವ ಗುಂಪಿನಲ್ಲಿ ಯಾವ ಅಡುಗೆ ಹೊತ್ತಿದರೂ ‘ಮೇಲಿನ ಮನೆ ಇರಾಕಿನವರದಾ?’ ಎಂಬುದು ತಮಾಷೆಯ ಮಾತಾಯಿತು. ಅದನ್ನು ಚಲಾವಣೆಗೆ ತಂದವಳು ನಾನೇ. ಪ್ರತಿ ಸಲವೂ ಅವರ ಜೊತೆ ನಕ್ಕಿದ್ದೇನೆ.

ಎರಡು ವಾರದ ಮೇಲೆ ಮನೆ ಬಾಡಿಗೆಗೆ ಕೊಟ್ಟ ಕಂಪನಿಯಿಂದ ಫೋನ್ ಬಂತು. ಅಜ್ಜಿ ದೂರು ಕೊಟ್ಟಿದ್ದರಂತೆ. ವಾಸನೆ ಯಾವ ಮನೆಯಿಂದ ಬರುತ್ತದೆ, ನಿಮಗೇನಾದರೂ ಗೊತ್ತೇ ಎಂದು ಒಬ್ಬಾತ ಕೇಳಿದ. ಆಗ ಮನೆಯಲ್ಲಿ ನಾನೊಬ್ಬಳೇ. ವಿದ್ಯಾ ಇರಲಿಲ್ಲ, ನಗುವವರು ಯಾರೂ ಇರಲಿಲ್ಲ. ಹೊರಗೆ ಮೆಟ್ಟಿಲ ತಿರುವಿನಲ್ಲಿ ಕರೀಂ ತಮ್ಮ ನೀಲಿ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು ಏದುಸಿರು ಬಿಡುತ್ತಿದ್ದರು — ಹೃದಯದ ಆಪರೇಷನ್ ಆದಮೇಲೆ ಅವರು ಅಲ್ಲಿ ಕೂತು ಸುಧಾರಿಸಿಕೊಂಡೇ ಮೇಲೆ ಹತ್ತುತ್ತಿದ್ದರು. ಆ ಉಸಿರು ನನಗೆ ಕೇಳಿಸುತ್ತಿತ್ತು. ಆದರೂ ನಿಮ್ಮ ಮನೆಯ ನಂಬರು ಹೇಳಿದೆ.

ಕೆಳಗಿನ ಮಹಡಿಯಲ್ಲಿ ಖಾಲಿಯಾಗಲಿದ್ದ ಮನೆಗೆ ನೀವು ಅರ್ಜಿ ಹಾಕಿದ್ದು ನನಗೆ ಗೊತ್ತಿತ್ತು. ಕರೀಂ ಮೆಟ್ಟಿಲು ಹತ್ತದೆ ಬದುಕಲಿ ಎಂದು ಒಂದೂವರೆ ವರ್ಷ ಕಾದಿದ್ದಿರಿ. ದೂರು ಇರುವವರಿಗೆ ಅದೇ ಕಟ್ಟಡದಲ್ಲಿ ಮನೆ ಬದಲಿಸಿ ಕೊಡುವುದಿಲ್ಲ ಎಂಬುದು ನನಗೆ ಗೊತ್ತಿತ್ತೇ? ಗೊತ್ತಿರಲಿಲ್ಲ ಎಂದು ಬರೆಯಲು ಕೈ ಹೋಗುತ್ತದೆ. ತಿಳಿದುಕೊಳ್ಳುವ ಗೋಜಿಗೆ ಹೋಗಲಿಲ್ಲ ಎಂಬುದೇ ಸರಿ.

ಕಂಪನಿಯ ಕಾಗದ ಬಂದಾಗ ಅದನ್ನು ಹಿಡಿದು ನೀವು ಬಂದದ್ದು ನನ್ನ ಬಾಗಿಲಿಗೇ. ನನ್ನ ಸ್ವೀಡಿಷ್ ಅಷ್ಟರಲ್ಲಿ ನಿಮ್ಮದಕ್ಕಿಂತ ಚೆನ್ನಾಗಿತ್ತು. ನೆರೆಯವರಿಂದ ವಾಸನೆಯ ಬಗ್ಗೆ ದೂರು, ಅರ್ಜಿ ತಿರಸ್ಕೃತ — ನಿಧಾನವಾಗಿ ಓದಿ ಹೇಳಿದೆ.

“ಯಾವ ನೆರೆಯವರು?” ಎಂದಿರಿ.

“ಬರೆದಿಲ್ಲ” ಎಂದೆ. ಕಾಗದದಲ್ಲಿ ನಿಜವಾಗಿಯೂ ಬರೆದಿರಲಿಲ್ಲ.

ನಿಮ್ಮ ಪರವಾಗಿ ಉತ್ತರವನ್ನೂ ನಾನೇ ಬರೆದುಕೊಟ್ಟೆ. ಸಾಕ್ಷಿಯಿಲ್ಲ, ಮರುಪರಿಶೀಲಿಸಬೇಕು, ಮನೆಯವರಿಗೆ ಹುಷಾರಿಲ್ಲ... ಒಳ್ಳೆಯ ಪತ್ರವೇ. ಬರೆಯಬೇಕಾಗಿದ್ದ ಒಂದೇ ಒಂದು ವಾಕ್ಯ ಮಾತ್ರ ಅದರಲ್ಲಿರಲಿಲ್ಲ. ನೀವು ನನ್ನ ಕೆನ್ನೆಗೆ ಮುತ್ತಿಟ್ಟು, ಸಂಜೆ ಒಂದು ತಟ್ಟೆ ಬಿಸಿ ರೊಟ್ಟಿ ಕಳಿಸಿದಿರಿ. ನಾವು ತಿಂದೆವು. ಇದೆಲ್ಲ ಆದಮೇಲೂ ನಾನು ಎರಡು ಸಲ ಒಣಸಿಗಡಿ ಹುರಿದಿದ್ದೇನೆ, ದೂರು ಬೀಳುವುದು ಯಾರ ಮೇಲೆ ಎಂದು ಗೊತ್ತಿದ್ದೇ ಹುರಿದೆ.

ನೀವು ಕಾದಿದ್ದ ಮನೆ ಬೇರೆಯವರಿಗೆ ಹೋಯಿತು. ಶುಕ್ರವಾರಗಳಂದು ಇರಾಕಿನವರ ಸಂಘದಲ್ಲಿ ಚಹಾ ಕುಡಿಯುತ್ತ ಡಾಮಿನೋ ಆಡಲು ಹೋಗುತ್ತಿದ್ದ ಕರೀಂ ಆ ಚಳಿಗಾಲದ ನಂತರ ಇಳಿಯುವುದನ್ನೇ ಬಿಟ್ಟರು. ಗೆಳೆಯರು ಕೆಲವು ವಾರ ಮೇಲೆ ಬಂದರು. ಅವರೂ ವಯಸ್ಸಾದವರು, ಬರುವುದು ಕಡಿಮೆಯಾಯಿತು. ಕುರ್ಚಿ ಖಾಲಿ ಉಳಿಯಿತು. ಮುಂದಿನ ವರ್ಷ ನೀವು ಓರೆಬ್ರೂಗೆ, ಆಸ್ಪತ್ರೆಯಲ್ಲಿ ನರ್ಸ್ ಆಗಿರುವ ಮಗಳ ಹತ್ತಿರ ಹೊರಟಿರಿ. ಗುರುತಿದ್ದವರು, ಅಂಗಡಿ, ಸಂಘ, ಎಲ್ಲ ಇಲ್ಲೇ ಬಿಟ್ಟು.

ಹೊರಡುವ ದಿನ ನನ್ನ ಕೈಗೆ ಒಂದು ಪೊಟ್ಟಣ ಒಣಸಿಗಡಿ ಇಟ್ಟಿರಿ. ನನ್ನ ಮುಖ ನೋಡದೆ, ಅದರ ಮೂತಿ ಮಡಿಸುತ್ತಾ ಹೇಳಿದಿರಿ —

“ಹುರಿಯುವ ಮೊದಲು ಸ್ವಲ್ಪ ಹೊತ್ತು ನೀರಿಗೆ ಹಾಕು. ವಾಸನೆ ಕಡಿಮೆ ಆಗುತ್ತದೆ.”

ನಿಮಗೆ ಗೊತ್ತಿತ್ತು. ನನ್ನ ಅಡುಗೆಮನೆಯ ನೇರ ಮೇಲೆ ನಿಮ್ಮದು. ಆ ವಾಸನೆಯನ್ನು ನನಗೆ ಕೊಡಿಸಿದವರೇ ನೀವು. ಗೊತ್ತಾಗದೆ ಇರುವುದು ಹೇಗೆ? ಗೊತ್ತಿದ್ದೂ ರೊಟ್ಟಿ ಕಳಿಸಿದ್ದಿರೋ, ಆಮೇಲೆ ಗೊತ್ತಾಯಿತೋ — ಕೇಳುವ ಧೈರ್ಯವಾಗಲಿಲ್ಲ. ಕಾರಿನವರೆಗೆ ಬಂದು ಕೈಬೀಸಿ ಹಿಂದಿರುಗಿದೆ.

ಮುಂದೆಯೂ ಹೀಗೇ ದಾಟಿಸಿಬಿಡುತ್ತಿದ್ದೆನೋ ಏನೋ. ಕಳೆದ ವಾರ ಮಗಳು ಸ್ಕೂಲಿನ ಗೆಳತಿಯೊಬ್ಬಳನ್ನು ಕರೆತಂದಳು. ನನ್ನ ಮಗಳಿಗೀಗ ಏಳು ವರ್ಷ. ಒಲೆಯ ಮೇಲೆ ನನ್ನ ಮೀನಿತ್ತು. ಮೆಟ್ಟಿಲಲ್ಲಿ ಆ ಹುಡುಗಿ, ಇದೇನು ವಾಸನೆ ಎಂದು ಸ್ವೀಡಿಷ್‌ನಲ್ಲಿ ಕೇಳಿದ್ದು ಬಾಗಿಲಾಚೆಯಿಂದ ಕೇಳಿಸಿತು. ನನ್ನ ಮಗಳು ತಡವರಿಸದೆ, ದಿನವೂ ಹೇಳುವ ಮಾತಿನಂತೆ ಹೇಳಿದಳು —

“ಮೇಲಿನ ಮನೆ ಇರಾಕಿನವರದು.”

ಮೇಲೆ ಈಗ ಇರುವುದು ಓದುತ್ತಿರುವ ಒಬ್ಬ ಸ್ವೀಡಿಷ್ ಹುಡುಗಿ. ಮಗಳು ಸುಳ್ಳು ಹೇಳುತ್ತಿರಲಿಲ್ಲ ಸಲ್ಮಕ್ಕ, ನಾನು ಕಲಿಸಿದ್ದನ್ನು ಒಪ್ಪಿಸುತ್ತಿದ್ದಳು. ತನಗೆ ಖರ್ಜೂರ ತಿನ್ನಿಸಿದವರ ಬಗ್ಗೆಯೇ ಹೇಳುತ್ತಿದ್ದೇನೆ ಎಂಬುದೂ ಅವಳಿಗೆ ತಿಳಿದಿರಲಿಲ್ಲ.

ನಾನು ಬಾಗಿಲು ತೆಗೆದು, ಇಲ್ಲ, ಅದು ನಮ್ಮ ಮನೆಯದು, ನಾನು ಮಾಡಿದ್ದು ಎಂದೆ. ಮಕ್ಕಳಿಬ್ಬರೂ ಒಂದು ಕ್ಷಣ ನೋಡಿ ಒಳಗೆ ಓಡಿದರು. ಅಷ್ಟೇ. ಅಷ್ಟು ಸುಲಭವಿತ್ತು.

ಇದನ್ನು ಕನ್ನಡದಲ್ಲಿ ಬರೆದದ್ದು ವಿದ್ಯಾ ಮತ್ತು ಉಳಿದವರೂ ಓದಲೆಂದು. ಅವರ ಬಾಯಲ್ಲಿರುವ ಆ ತಮಾಷೆಯನ್ನು ಇಟ್ಟವಳೇ ತೆಗೆಯಬೇಕು. ಕಂಪನಿಗೂ ಒಂದು ಕಾಗದ ಹಾಕಿದ್ದೇನೆ, ಈ ಸಲ ನಮ್ಮ ಮನೆಯ ನಂಬರು ಬರೆದು. ಅದರಿಂದ ಕರೀಂ ಅವರ ಆ ಶುಕ್ರವಾರಗಳು ಹಿಂದಿರುಗುವುದಿಲ್ಲ ಎಂಬುದು ಗೊತ್ತು.

ಶನಿವಾರ ಓರೆಬ್ರೂಗೆ ರೈಲಿದೆ, ಟಿಕೆಟ್ ತೆಗೆದಿದ್ದೇನೆ. ಬಾಗಿಲು ತೆಗೆದ ತಕ್ಷಣ ನೀವು ಚಹಾಕ್ಕೆ ಇಡುತ್ತೀರಿ. ಅದು ಕುದಿಯುವ ಮೊದಲೇ ಹೇಳಿಬಿಡಬೇಕು. ನಿಮ್ಮ ಚಹಾ ಕುಡಿದ ಮೇಲೆ ನನ್ನಿಂದ ಆಗುವುದಿಲ್ಲ.