ಆರಾಮ ಕುಂಡ್ರಿ ಕಾಕಾ

ಮದುವೆ ಮನೆಯಲ್ಲಿ ಮಲಕಾಜಪ್ಪ ಕಾಕಾ ಕುಳಿತದ್ದನ್ನು ನಮ್ಮ ಓಣಿಯಲ್ಲಿ ಯಾರೂ ನೋಡಿರಲಿಲ್ಲ. ಅವರನ್ನು ಮೊದಲ ಸಲ ಕುರ್ಚಿಯ ಮೇಲೆ ಕೂಡ್ರಿಸಿದವನು ನಾನು. ಅದೂ ಎಂಥ ಕುರ್ಚಿ! ಬಿಳಿ ಬಟ್ಟೆ ಹೊದಿಸಿ, ಬೆನ್ನಿಗೆ ಬಂಗಾರದ ಬಣ್ಣದ ರಿಬ್ಬನ್ನು ಕಟ್ಟಿ, ಎಲ್ಲರಿಗಿಂತ ಮುಂದಿನ ಸಾಲಿಗೆ ಇಟ್ಟದ್ದು. ಭಾರೀ ಗೌರವ ಮಾಡಿದೆ ಎಂದುಕೊಂಡಿದ್ದೆ. ನನ್ನ ಬುದ್ಧಿಗಿಷ್ಟು ಬೆಂಕಿ ಹಚ್ಚಬೇಕು.

ನಮ್ಮದು ಸಿದ್ಧೇಶ್ವರ ಗುಡಿಯ ಹಿಂದಿನ ಓಣಿ. ಕಾಕಾ ಬಬಲೇಶ್ವರದಿಂದ ಬಂದು ಬಜಾರದ ಬಟ್ಟೆ ಅಂಗಡಿಯೊಂದರಲ್ಲಿ ಅರಿವೆ ಅಳೆಯುವ ಕೆಲಸಕ್ಕೆ ಸೇರಿ, ನಮ್ಮ ಮನೆಯ ಎದುರಿಗೇ ಸಂಸಾರ ಹೂಡಿದವರು. ಆಳು ಗಿಡ್ಡ, ಧ್ವನಿ ಮಾತ್ರ ಗಗನಮಹಲಿನ ತನಕ ಕೇಳುವಂಥದ್ದು. ಓಣಿಯಲ್ಲಿ ಮದುವೆಯಿರಲಿ, ತೊಟ್ಟಿಲಿರಲಿ, ಸಾವಿರಲಿ, ಮನೆಯವರು ಒಂದು ತಾಟಿನಲ್ಲಿ ಎಲೆ ಅಡಿಕೆ ಇಟ್ಟುಕೊಂಡು ಹೋಗಿ, "ಕಾಕಾ, ಮುಂದ ನಿಂತು ನಡಸಿಕೊಡ್ರಿ" ಎಂದು ಕೇಳಬೇಕು. ಅದಿಲ್ಲದೆ ಅವರು ಹೊಸ್ತಿಲು ದಾಟುತ್ತಿರಲಿಲ್ಲ. ಎಲೆ ಅಡಿಕೆ ತೆಗೆದುಕೊಂಡರೋ, ಮುಗಿಯಿತು. ಸಾಮಾನಿನ ಕೋಣೆಯ ಕೀಲಿಕೈ ಅವರ ಉಡದಾರಕ್ಕೆ ಏರುತ್ತಿತ್ತು, ಟವೆಲ್ಲು ತಲೆಗೆ ಏರುತ್ತಿತ್ತು, ಮನೆಯ ಯಜಮಾನನೂ ಅವರ ಮಾತು ಕೇಳಬೇಕಾಗುತ್ತಿತ್ತು. "ಏ, ಯಾಂವಲೇ ಅಂವಾ ಕಂಬದಂಗ ನಿಂತಾಂವಾ? ಆ ಬುಟ್ಟಿ ಎತ್ತು! ಏ ತಂಗಿ, ಆ ಕೂಸಿನ ಅಳು ನಿಲ್ಲಸವಾ, ಅಯ್ಯನವರ ಮಂತ್ರ ಕೇಳವಲ್ದು!" ಹೀಗೆ ಬೆಳಗಿನಿಂದ ಸಂಜೆಯತನಕ. ಊಟ ಮಾತ್ರ ಕಟ್ಟಕಡೆಯ ಪಂಕ್ತಿಯಲ್ಲಿ, ಅಡಿಗೆಯವರ ಜೊತೆಗೆ, ತಳ ಹತ್ತಿದ ಹುಗ್ಗಿ.

ಓಣಿಯ ಹುಡುಗರು ಹಿಂದಿನಿಂದ ಅವರನ್ನು "ಕಾರಭಾರಿ" ಎಂದು ಆಡಿಕೊಳ್ಳುತ್ತಿದ್ದರು. ಅದು ಕಾಕಾನ ಕಿವಿಗೂ ಬಿದ್ದಿತ್ತು. ನಾನು ಹೈಸ್ಕೂಲಿನಲ್ಲಿ ಕನ್ನಡ ಕಲಿಸುವವನು, ಕಿಟಕಿಯ ಕಟ್ಟೆಯ ಮೇಲೆ ನನ್ನದೊಂದು ದಪ್ಪ ನಿಘಂಟು ಇರುತ್ತದೆ. ಒಂದು ಸಂಜೆ ಚಹಾಕ್ಕೆ ಬಂದ ಕಾಕಾ ಅದರ ಮೇಲೆ ಕೈಯಿಟ್ಟು, "ಮಾಸ್ತರ, ಇದರಾಗ ಕಾರಭಾರಿ ಅಂದ್ರ ಏನ ಬರದಾರ ನೋಡು" ಎಂದರು. "ಆಡಳಿತ ನಡೆಸುವವನು, ವ್ಯವಹಾರ ನೋಡಿಕೊಳ್ಳುವವನು" ಎಂದು ಓದಿದೆ. "ಮತ್ತ ಓಣ್ಯಾಗ?" ಎಂದರು.

"ಓಣ್ಯಾಗ... ಕರೀಲಾರದ ಬಂದು ಎಲ್ಲಾದ್ರಾಗೂ ಕೈ ಹಾಕಾಂವ."

ಕಾಕಾ ತೊಡೆ ತಟ್ಟಿಕೊಂಡು ನಕ್ಕರು. "ನಿಘಂಟ ನನ್ನ ಕಡೆ ಐತಿ, ಓಣಿ ಆ ಪೋರಗೋಳ ಕಡೆ ಐತಿ. ಇರ್ಲಿ ತಗೋ!"

ಅಂದಿನಿಂದ ಅದು ನಮ್ಮಿಬ್ಬರ ಸಂಜೆಯ ಆಟವಾಯಿತು. ಪುಢಾರಿ ಎಂದರೆ ನಿಘಂಟಿನಲ್ಲಿ ಮುಂದಾಳು, ಕಾಕಾನ ಲೆಕ್ಕದಲ್ಲಿ "ಬಿಳೀ ಅಂಗಿ ಹಾಕ್ಕೊಂಡು ಫೋಟೋಕ್ಕ ಹೊತ್ತಿಗಿ ಸರ್ಯಾಗಿ ಬರಾಂವ." ಗೌಡ ಎಂದರೆ ಊರಿನ ಮುಖ್ಯಸ್ಥ ಎಂದು ನಾನು ಓದಿದರೆ, "ಗೌಡ ಬ್ಯಾರೆ, ಗೌಡಕಿ ಬ್ಯಾರೆ. ಹೊರಸಿನ ಮ್ಯಾಲ ಕುಂತು, ಎದುರಿಗಿದ್ದ ತಂಬಿಗಿನೂ ಇನ್ನೊಬ್ಬಾಂವನ ಕಡಿಂದ ತರಿಸಿಕೊಳ್ಳೂದಕ್ಕ ಗೌಡಕಿ ಅಂತಾರ" ಎನ್ನುತ್ತಿದ್ದರು. ನಾಯಕ, ಧಣಿ, ಮುಕಾದಮ, ಜಮಾದಾರ, ಯಾವುದನ್ನೂ ಬಿಡಲಿಲ್ಲ. ನಿರ್ದೇಶಕ ಎಂಬುದಕ್ಕೆ "ದಾರಿ ತೋರಿಸುವವನು" ಎಂದಾಗ ಮೂಗು ಮುರಿದರು. "ಬೊಟ್ಟ ಮಾಡಿ ದಾರಿ ತೋರಸಾಕ ಯಾಂವ ಬೇಕೋ? ಜತಿಗಿ ಹೋಗಬೇಕಲಾ!" ಕಡೆಗೆ ಮಂದಿ ಎರಡೇ ನಮೂನೆ ಎಂದು ತೀರ್ಪು ಕೊಟ್ಟರು. "ಮುಂದ ನಿಂದ್ರಾಂವ, ಮುಂದ ಕುಂಡ್ರಾಂವ. ಕುಂಡ್ರಾಂವಗ ಮಾಲಿ ಬೀಳ್ತೈತಿ. ನಿಂತಾಂವಗ ಕಾಲ ನೋಯ್ತಾವ." ಇಷ್ಟು ಬಿಡಿಸಿ ಹೇಳಿದ್ದರು ಪುಣ್ಯಾತ್ಮರು. ಆದರೂ ನನ್ನ ತಲೆಗೆ ಹೋಗಲಿಲ್ಲ.

ಅವರ ಮುಂದಾಳುತನದ ಗುಟ್ಟು ಒದರುವುದರಲ್ಲಿ ಇರಲಿಲ್ಲ. ನನ್ನ ತಂಗಿಯ ಮದುವೆಯಲ್ಲಿ ವರನ ಸೋದರಮಾವ, ತನ್ನನ್ನು ಬಾಗಿಲಲ್ಲಿ ಯಾರೂ ಮಾತಾಡಿಸಲಿಲ್ಲ ಎಂದು ಮುನಿಸಿಕೊಂಡು ಹಂದರದ ಹೊರಗೆ ಹೋಗಿ ನಿಂತಿದ್ದ. ಅವನನ್ನು ಬಿಟ್ಟು ಅಕ್ಷತೆ ಹಾಕುವುದಿಲ್ಲ ಎಂದು ಬೀಗರು ಹಟ ಹಿಡಿದರು. ಅಪ್ಪ ಕೈಮುಗಿಯಲು ಹೊರಟರು. ಕಾಕಾ ಅಪ್ಪನನ್ನು ತಡೆದು, ತಾವೇ ತುಪ್ಪದ ತಂಬಿಗೆ ಹಿಡಿದುಕೊಂಡು ಹೋದರು. "ಸಾವಕಾರ್ರ, ಒಂದ ಅಡಚಣಿ ಬಂದೈತ್ರಿ. ತುಪ್ಪಾ ಬಡಸಾಕ ನಂಬಿಗಸ್ತ ಮನಶ್ಯಾ ಬೇಕಾಗ್ಯಾನ. ನಮ್ಮ ಹುಡುಗರ ಕೈಯಾಗ ಕೊಟ್ರ ಒಬ್ಬಾಂವಗ ಹೊಳಿ, ಇನ್ನೊಬ್ಬಾಂವಗ ಹನಿ. ನೀವ ಹಿಡೀಬೇಕ್ರಿ." ಆ ಮನುಷ್ಯ ಒಂದು ಗಳಿಗೆ ಬಿರುಗಣ್ಣು ಬಿಟ್ಟ. ಆಮೇಲೆ ಶಾಲು ಸೊಂಟಕ್ಕೆ ಬಿಗಿದ. ಅಕ್ಷತೆ ಬಿತ್ತು, ಅಷ್ಟೂ ಪಂಕ್ತಿಗೆ ಅವನೇ ತುಪ್ಪ ಬಡಿಸಿದ, ಹೋಗುವಾಗ ಕಾಕಾನನ್ನು ತಬ್ಬಿಕೊಂಡು ಹೋದ. "ಮಂದಿಗಿ ಮರ್ಯಾದಿ ಬ್ಯಾಡೋ ಮಾಸ್ತರ, ಕೆಲಸ ಬೇಕು. ಕೆಲಸ ಕೊಟ್ರ ಮರ್ಯಾದಿ ಅದರ ಹಿಂದ ಬರ್ತೈತಿ" ಎಂದು ಅವತ್ತು ತಳದ ಹುಗ್ಗಿ ಉಣ್ಣುತ್ತ ಹೇಳಿದರು.

ಅಪ್ಪ ತೀರಿಕೊಂಡಾಗ ನಾನು ಅಂಗಳದಲ್ಲಿ ಸುಮ್ಮನೆ ನಿಂತುಬಿಟ್ಟಿದ್ದೆ. ಅಳುವೂ ಬರುತ್ತಿರಲಿಲ್ಲ. ಕಾಕಾ ಬಂದು ನನ್ನ ಕೈಗೆ ನೀರಿನ ತಂಬಿಗೆ ಕೊಟ್ಟು, "ಬಂದವರಿಗೆ ನೀರ ಕೊಡ. ಆಮ್ಯಾಲ ಅಳುವಂತಿ" ಎಂದರು. ಆ ತಂಬಿಗೆ ಹಿಡಿದುಕೊಂಡೇ ನಾನು ಆ ದಿನ ದಾಟಿದೆ.

ಅಂಥವರನ್ನು ನಾನು ನನ್ನ ಮಗಳು ಅಶ್ವಿನಿಯ ಮದುವೆಗೆ ಎಲೆ ಅಡಿಕೆ ಕೊಟ್ಟು ಕರೆಯಲಿಲ್ಲ. ಛಾಪಿಸಿದ ಪತ್ರಿಕೆ ಕೊಟ್ಟು ಬಂದೆ. ಮದುವೆ ಸೊಲ್ಲಾಪುರ ರಸ್ತೆಯ ಮಂಗಲ ಕಾರ್ಯಾಲಯದಲ್ಲಿ. ಹೂವಿನಿಂದ ಹಿಡಿದು ಊಟದತನಕ ಎಲ್ಲವನ್ನೂ ಒಂದು ಇವೆಂಟ್ ಕಂಪನಿಗೆ ವಹಿಸಿದ್ದೆವು. ಮಗಳ ಆಸೆ, ಬೀಗರ ಆಸೆ ಎಂದು ಓಣಿಯವರಿಗೆ ಹೇಳಿದೆ. ಅದೂ ಸುಳ್ಳಲ್ಲ. ಆದರೆ ನಿಜವಾದ ಮಾತೆಂದರೆ, ಬೀಗರು ಓದಿದವರು, ಅವರ ಮುಂದೆ ಕಾಕಾ "ಯಾಂವಲೇ ಅಂವಾ" ಎಂದು ಒದರಿದರೆ ಹೇಗೆ ಎಂದು ನನಗೆ ನಾಚಿಕೆಯಾಗಿತ್ತು. ನನ್ನ ಅಪ್ಪನ ಹೆಣ ಎತ್ತಿಸಿದ ಧ್ವನಿಗೆ ನಾನು ನಾಚಿದೆ.

ಕಾಕಾ ನಸುಕಿನಲ್ಲೇ ಬಂದರು. ಹೆಗಲ ಮೇಲೆ ಟವೆಲ್ಲು. ಒಳಗೆ ಬಂದವರೇ ಅಭ್ಯಾಸಬಲದಿಂದ ಸೊಂಟ ಮುಟ್ಟಿಕೊಂಡರು. ಕೀಲಿಕೈ ಎಲ್ಲಿಂದ ಬರಬೇಕು? ಕಿವಿಗೆ ಮೈಕು ಸಿಕ್ಕಿಸಿಕೊಂಡಿದ್ದ ಹುಡುಗಿಯೊಬ್ಬಳು ನಗುನಗುತ್ತಲೇ, "ಅಂಕಲ್, ಗೆಸ್ಟ್ ಎಲ್ಲಾ ಆ ಕಡೆರಿ" ಎಂದಳು. ನಾನು ಓಡಿಹೋಗಿ ಅವರ ಕೈಹಿಡಿದು ಮುಂದಿನ ಸಾಲಿಗೆ ಕರೆತಂದೆ.

"ಈ ಹುಡುಗಿ ಯಾರೋ?"

"ಕೋಆರ್ಡಿನೇಟರ್ ಅಂತಾರ್ರಿ ಕಾಕಾ. ಎಲ್ಲಾ ಅವರ ನೋಡ್ಕೋತಾರ."

"ನಿಘಂಟಿನ್ಯಾಗ ಏನೈತಿ ಅದಕ್ಕ?"

"ಹೊಂದಿಸುವವರು ಅಂತರಿ."

"ಹೊಂದಸ್ಲಿ, ಹೊಂದಸ್ಲಿ. ಪಾಪ, ಸಣ್ಣ ಹುಡುಗಿ." ಆಮೇಲೆ ಧ್ವನಿ ಇಳಿಸಿ, ಅವರಿಗೆ ಇಳಿಸಲಿಕ್ಕೂ ಬರುತ್ತದೆಂದು ನನಗೆ ಅಂದೇ ಗೊತ್ತಾದದ್ದು, "ನನಗೂ ಏನರ ಕೆಲಸ ಹೇಳಪಾ ಮಾಸ್ತರ" ಎಂದರು.

"ಆರಾಮ ಕುಂಡ್ರಿ ಕಾಕಾ. ಇವತ್ತ ನೀವು ಹಿರೇರು."

ಕುಳಿತರು. ಎರಡೂ ಕೈ ಮೊಣಕಾಲ ಮೇಲೆ ಇಟ್ಟುಕೊಂಡು, ಸಾಲೆಗೆ ಹೊಸದಾಗಿ ಸೇರಿದ ಹುಡುಗನ ಹಾಗೆ. ವೇದಿಕೆಯ ಮೇಲಿಂದ ನನಗೆ ಕಾಣುತ್ತಿತ್ತು. ಒಮ್ಮೆ ಯಾರದೋ ಕೂಸು ದೀಪದ ಕಡೆಗೆ ಅಂಬೆಗಾಲಿಟ್ಟಾಗ ಕಾಕಾ ಧಡಕ್ಕನೆ ಎದ್ದರು, ಅಷ್ಟರಲ್ಲಿ ಕಂಪನಿಯ ಹುಡುಗ ಅದನ್ನು ಎತ್ತಿಕೊಂಡಿದ್ದ. ಅವರು ಅತ್ತಿತ್ತ ನೋಡಿ ಮತ್ತೆ ಕುಳಿತರು. ಅಕ್ಷತೆ ಬಿದ್ದ ಮೇಲೆ ನೋಡುತ್ತೇನೆ, ಕುರ್ಚಿ ಖಾಲಿ. ಊಟ ಮಾಡಿದರೇ ಎಂದು ಎಷ್ಟು ಮಂದಿಯನ್ನು ಕೇಳಿದರೂ ಕಂಡವರು ಒಬ್ಬರೂ ಇರಲಿಲ್ಲ. ಕಡೆಯ ಪಂಕ್ತಿಗೆ ಕಾದರೆ ಎಲ್ಲಿಯ ಪಂಕ್ತಿ? ನಾವು ಇಟ್ಟದ್ದು ಬಫೆ.

ನಮ್ಮನ್ನು ನೋಡಿ ಓಣಿಯ ಉಳಿದವರೂ ಕಂಪನಿಯವರನ್ನೇ ಕರೆಯತೊಡಗಿದರು. ಕಾಕಾ ಅಂಗಡಿ ಬಿಟ್ಟರು. ಹೆಂಡತಿ ಮೊದಲೇ ತೀರಿಕೊಂಡಿದ್ದಳು. ಎದುರಿನ ಮನೆಗೆ ಬೀಗ ಹಾಕಿ, ತಿಕೋಟಾದಲ್ಲಿದ್ದ ಮಗಳು ಸಾವಿತ್ರಿಯ ಹತ್ತಿರ ಹೋದರು. ನಿಘಂಟು ಕಿಟಕಿಯ ಕಟ್ಟೆಯ ಮೇಲೆ ಧೂಳು ತಿನ್ನುತ್ತ ಬಿತ್ತು. 

ಅಶ್ವಿನಿಗೆ ಮಗಳು ಹುಟ್ಟಿದಳು. ತೊಟ್ಟಿಲ ಕಾರ್ಯಕ್ಕೆ ಯಾವ ಕಂಪನಿಯೂ ಬೇಡ ಎಂದು ಮನೆಯಲ್ಲಿ ಜಗಳ ಮಾಡಿ, ತಾಟಿನಲ್ಲಿ ಎಲೆ ಅಡಿಕೆ ಇಟ್ಟುಕೊಂಡು ತಿಕೋಟಾಕ್ಕೆ ಹೋದೆ. ಕಾಕಾ ಕಟ್ಟೆಯ ಮೇಲೆ ಕುಳಿತಿದ್ದರು. ತೀರ ಇಳಿದುಹೋಗಿದ್ದರು. ಎದುರಿಗೆ ಒಣದ್ರಾಕ್ಷಿ ಶೆಡ್ಡಿನಲ್ಲಿ ಮುಕಾದಮ ಹೆಣ್ಣಾಳುಗಳ ಮೇಲೆ ಕೂಗಾಡುತ್ತಿದ್ದ. "ಅಂವಗ ಒದರಾಕ ಬರೂದಿಲ್ಲ. ಒದರಿದ ಮ್ಯಾಲ ತಾನೂ ಒಂದ ಬುಟ್ಟಿ ಎತ್ತಬೇಕೋ, ಇಲ್ಲಾಂದ್ರ ಯಾರ ಕೇಳ್ತಾರ?" ಎಂದರು. ಆಮೇಲೆ ತಾಟಿನ ಕಡೆ ನೋಡಿದರು.

"ಇದು ಉಣ್ಣಾಕ ಕರೀಲಿಕ್ಕೋ, ಮುಂದ ನಿಂದ್ರಾಕ ಕೇಳಲಿಕ್ಕೋ?"

"ಮುಂದ ನಿಂದ್ರಾಕರಿ ಕಾಕಾ. ಅವತ್ತ ನಂದ ತಪ್ಪಾತರಿ. ನಾ ನಿಮ್ಮನ್ನ..."

"ಎಷ್ಟ ಮಂದಿ ಊಟಕ್ಕ?" ಎಂದು ನನ್ನ ಮಾತು ಕಡಿದರು. "ಗೋಧಿ ಹುಗ್ಗಿ ಮಾಡಸು. ಬದನಿಕಾಯಿ ಎಣಗಾಯಿ ಇರ್ಲಿ. ಪಂಗತಿ ಹಾಕಬೇಕ ಮತ್ತ, ನಿಂತ ಉಣ್ಣೂದು ನಡಿಯೂದಿಲ್ಲ!" ಆ ಎಲೆ ಅಡಿಕೆಯನ್ನು ಟವೆಲ್ಲಿನ ಚುಂಗಿಗೆ ಕಟ್ಟಿಕೊಂಡರು. ಕ್ಷಮೆ ಕೇಳಲು ಅವರು ನನಗೆ ಬಿಡಲೇ ಇಲ್ಲ. ಬಿಟ್ಟಿದ್ದರೆ ನಾನು ಹಗುರಾಗುತ್ತಿದ್ದೆನೋ ಏನೋ.

ತೊಟ್ಟಿಲಿಗಿಂತ ಮೊದಲೇ ಅವರು ಹೋಗಿಬಿಟ್ಟರು.

ಮಣ್ಣಿಗೆ ಓಣಿಯವರೆಲ್ಲ ತಿಕೋಟಾಕ್ಕೆ ಹೋದೆವು. ಅಂಗಳ ತುಂಬ ಜನ, ಕೆಲಸ ಮಾತ್ರ ಒಂದೂ ಸಾಗುತ್ತಿಲ್ಲ. ಹೂವು ಬಂದಿಲ್ಲ. ಭಜನೆಯವರು ಎಲ್ಲಿ ಕುಳಿತುಕೊಳ್ಳಬೇಕೆಂದು ತಿಳಿಯದೆ ತಾಳ ಹಿಡಿದು ನಿಂತಿದ್ದಾರೆ. ಕುಣಿ ತೋಡುವವರು ಬಂದು, "ಯಾರಿಗಿ ಕೇಳೂದ್ರಿ? ಮುಂದ ನಿಂತಾವ್ರ ಯಾರು?" ಎಂದರು.  ನಾವೆಲ್ಲರೂ ಬಾಗಿಲ ಕಡೆ ನೋಡಿದೆವು, ಅವರೇ ಟವೆಲ್ಲು ಸುತ್ತಿಕೊಂಡು ಬಂದು ಬಯ್ಯುತ್ತಾರೆ ಎನ್ನುವ ಹಾಗೆ.

ಒಳಗಿಂದ ಸಾವಿತ್ರಿ ಬಂದು ನನ್ನ ಕೈಯಲ್ಲಿ ಬಾಡಿದ ಎಲೆ ಅಡಿಕೆ ಇಟ್ಟಳು. "ಮಾಸ್ತರ್ರ, ಇದನ್ನ ನಿಮಗ ತಿರುಗಿ ಕೊಡಂದಾನ್ರಿ ಅಪ್ಪ. ತಗೊಂಡ ಮ್ಯಾಲ ಮಾಡಾಕ ಆಗಲಿಲ್ಲ ಅಂತ ಭಾಳ ಹಳಹಳಿಸಿದ." ಹಳಹಳಿಸಬೇಕಾದವನು ನಾನು. ಹಳಹಳಿಸಿದ್ದು ಅವರು!

ಹೆಗಲ ಮೇಲಿನ ಟವೆಲ್ಲು ತಲೆಗೆ ಸುತ್ತಿಕೊಂಡೆ. "ಏ, ಯಾಂವಲೇ ಅಂವಾ ಕಂಬದಂಗ ನಿಂತಾಂವಾ? ಹೂವಿನ ಅಂಗಡಿಗಿ ಗಾಡಿ ತಗೊಂಡ ಓಡು! ಭಜನಿಯವರು ಈ ಕಡೆ ಬರ್ರಿ!" ಎಂದು ಒದರಿದೆ. ಜನ ಹಂದಾಡಿದರು. ನಾನೂ ಸಲಿಕೆ ಹಿಡಿದೆ.

ಅಷ್ಟರಲ್ಲಿ ಬಬಲೇಶ್ವರದಿಂದ ಕಾಕಾನ ಅಣ್ಣ ಬಂದರು. ಬಹಳ ವಯಸ್ಸಾದ ಮನುಷ್ಯ, ಕೋಲು ಊರಿಕೊಂಡು, ಮೊಮ್ಮಗನ ಹೆಗಲು ಹಿಡಿದು. ತಮ್ಮನ ಮುಖ ನೋಡಿ, ಅಳದೆ, ನೇರ ನನ್ನ ಹತ್ತಿರ ಬಂದರು. ಅದೇ ಗಿಡ್ಡ ಆಳು, ಅದೇ ಹಣೆ.

"ನೀನೇನಪಾ ಮುಂದ ನಿಂತಾಂವ? ನನಗೂ ಏನರ ಕೆಲಸ ಹೇಳಪಾ" ಎಂದರು.

"ಆರಾಮ..." ಎಂದುಬಿಟ್ಟೆ. ಬಾಯಿಂದ ತಾನೇ ಬಂತು ಆ ಮಾತು. ಪಕ್ಕದಲ್ಲಿ ಖಾಲಿ ಕುರ್ಚಿಯೂ ಇತ್ತು, ನನ್ನ ಕೈ ಆಗಲೇ ಅದರ ಕಡೆ ಚಾಚಿತ್ತು. ಕೈ ಹಿಂದೆಳೆದುಕೊಂಡೆ. ತಂಬಿಗೆ ತುಂಬಿ ಅವರ ಕೈಗೆ ಕೊಟ್ಟೆ.

"ಬಂದವರಿಗೆ ನೀರ ಕೊಡ್ರಿ ಯಪ್ಪಾ. ಆಮ್ಯಾಲ ಅಳುವಂತ್ರಿ."

ಅವರು ಕೋಲನ್ನು ಮೊಮ್ಮಗನ ಕೈಗೆ ಕೊಟ್ಟು, ಎರಡೂ ಕೈಯಿಂದ ತಂಬಿಗೆ ಹಿಡಿದು, ಬಾಗಿಲಲ್ಲಿ ಹೋಗಿ ನಿಂತರು.