ಆಮೆಯೂರಿನ ಹಿರಿಹೊತ್ತಿಗೆ

"ಆ ಪುಸ್ತಕ ಎಲ್ಲೂ ಇಲ್ರಿ. ನಾನ ಬನಾಯಿಸಿದ್ದು."

ಕಳೆದ ತಿಂಗಳ ಒಂದು ರವಿವಾರ ಭಾಂಡುಪಿನ ಒಂದು ಶಾಲೆಯ ಸಭಾಂಗಣದಲ್ಲಿ, ಮೈಕಿನ ಮುಂದೆ ನಿಂತು ಹೀಗೆಂದವಳು ನನ್ನ ಮಗಳು ಸುಮಾ. ವಯಸ್ಸು ಹನ್ನೊಂದು. (ಬನಾಯಿಸಿದ್ದು ಅಂದರೆ ತಾನೇ ಹುಟ್ಟಿಸಿದ್ದು. ಮುಂಬಯಿ ಮಕ್ಕಳ ಕನ್ನಡ ಹೀಗೇ.) ಮುಂದಿನ ಸಾಲಿನಲ್ಲಿದ್ದ ನಾನು ಕುರ್ಚಿಯಲ್ಲಿ ಕುಸಿದುಹೋದೆ.

ನಡೆದದ್ದನ್ನು ಮೊದಲಿನಿಂದ ಹೇಳುತ್ತೇನೆ.

ಈ ಕಡೆಯ ಕನ್ನಡಿಗರೆಲ್ಲ ಸೇರಿ ಮಕ್ಕಳಿಗೊಂದು ಪ್ರಬಂಧ ಸ್ಪರ್ಧೆ ಇಟ್ಟಿದ್ದರು. ವಿಷಯ, 'ನಾನು ಓದಿ ಮೆಚ್ಚಿದ ಕನ್ನಡ ಪುಸ್ತಕ'. ಸುಮಾ ಘಾಟ್ಕೋಪರಿನಲ್ಲಿ ಓದುವುದು ಇಂಗ್ಲಿಷ್ ಮೀಡಿಯಂ. ನಾವಿರುವ ಚಾಳಿನಲ್ಲಿ ಗೆಳತಿಯರೊಂದಿಗೆ ಆಡುವುದು ಮರಾಠಿ. ಕನ್ನಡದ ಅಕ್ಷರಗಳನ್ನು ಅವಳ ಅವ್ವ ಪಾಟಿಯ ಮೇಲೆ ತಿದ್ದಿಸಿದ್ದು. ಇವಳೇನು ಬರೆದಾಳು ಎಂದು ನಾನು ತಲೆ ಕೆಡಿಸಿಕೊಳ್ಳಲಿಲ್ಲ. (ವಿಕ್ರೋಳಿಯ ಆಫೀಸು, ಲೋಕಲ್ ಟ್ರೇನು, ಮೇಲೆ ವಾರಕ್ಕೊಂದು ಅಂಕಣ. ಪುರುಸೊತ್ತೆಲ್ಲಿ?)

ಬರೆದು ತಂದು ತೋರಿಸಿದಳು. ಆಮೆಯೂರು ಎಂಬ ಊರು. ದೊಡ್ಡದೊಂದು ಆಮೆಯ ಬೆನ್ನ ಮೇಲಿದೆ. ಆಮೆ ನಡೆಯುತ್ತಲೇ ಇರುತ್ತದೆ, ಹೀಗಾಗಿ ಊರು ದಿನಕ್ಕೊಂದು ಕಡೆ. ಅಲ್ಲಿ ಸಾವಿರಾರು ವರ್ಷ ಹಳೆಯ ಜ್ಞಾನದ ಪುಸ್ತಕವಿದೆ, ಹೆಸರು ಹಿರಿಹೊತ್ತಿಗೆ. ಒಬ್ಬರೇ ತೆರೆದರೆ ಹಾಳೆ ಖಾಲಿ. ಇಬ್ಬರು ಕೂಡಿ ಹಿಡಿದರೆ ಮಾತ್ರ ಅಕ್ಷರ ಮೂಡುತ್ತವೆ. ಮೊದಲ ಪುಟದಲ್ಲಿ ಒಂದೇ ಸಾಲು: 'ನನಗೆ ಗೊತ್ತಿಲ್ಲ ಅನ್ನುವವನು ಒಳಗೆ ಬರಲಿ.'

"ಈ ಪುಸ್ತಕ ನಿನಗ ಗೊತ್ತೈತೇನಪ್ಪಾ?" ಎಂದಳು.

"ಗೊತ್ತೈತಿ, ಗೊತ್ತೈತಿ. ಹಳೇ ಗ್ರಂಥ," ಎಂದೆ, ಪೇಪರಿನಿಂದ ಕಣ್ಣೆತ್ತದೆ. ಅಂಕಣ ಬರೆಯುವವನು ಒಂದು ಪುಸ್ತಕ ಗೊತ್ತಿಲ್ಲ ಎನ್ನುವುದುಂಟೇ? ಅವಳು ನನ್ನ ಮುಖವನ್ನೇ ಒಂದಿಷ್ಟು ಹೊತ್ತು ನೋಡಿ ಹೋದಳು.

ಅವಳಿಗೆ ಮೊದಲ ಬಹುಮಾನ ಬಂತು!

ತೀರ್ಪುಗಾರರು ಧಾರವಾಡದ ಕಡೆಯವರು, ನಿವೃತ್ತ ಹೆಡ್‌ಮಾಸ್ತರರು. ರವಿವಾರದ ಸಭೆಯಲ್ಲಿ ಕೋಟಿನ ಗುಂಡಿ ಹಾಕಿಕೊಂಡು ಎದ್ದು ನಿಂತರು. "ಹಿರಿಹೊತ್ತಿಗೆ ನಾ ಸಣ್ಣಾವಿದ್ದಾಗ ಓದೀನಿ. ನಮ್ಮ ಅಜ್ಜಾರ ಕಡೆ ಅದರ ಓಲೆಗರಿ ಇದ್ದುವು. ಈಗಿನ ಹುಡುಗರಿಗೆ ಇಂಥಾ ಗ್ರಂಥದ ಹೆಸರರ ಗೊತ್ತೈತೇನು?"

ಸಭೆ ತಲೆದೂಗಿತು. ನಾನೂ ತೂಗಿದೆ. ಪಕ್ಕದವರು "ಎಲ್ಲಿ ಸಿಗತೈತ್ರಿ ಅದು?" ಎಂದಾಗ, "ಈಗ ಔಟ್ ಆಫ್ ಪ್ರಿಂಟ್" ಎಂದೂ ಹೇಳಿಬಿಟ್ಟೆ.

ಆಗ ಸುಮಾಳನ್ನು ಎರಡು ಮಾತಾಡಲು ಕರೆದರು. ಮೊದಲ ಮಾತು ನಿಮಗಾಗಲೇ ಗೊತ್ತು. ಮುಂದಿನದು ಕೇಳಿ.

"ಮನ್ಯಾಗ ಕನ್ನಡ ಪುಸ್ತಕ ಅಪ್ಪನವು ಅದಾವು. ಟ್ರಂಕಿನ್ಯಾಗ. ಕೈ ಹಚ್ಚಬ್ಯಾಡ ಅಂತಾನ. ಸ್ಪರ್ಧಾಕ್ಕ ಕನ್ನಡ ಪುಸ್ತಕದ್ದು ಬರೀಬೇಕಂದ್ರು. ಅದಕ್ಕ ಬನಾಯಿಸಿದೆ. ಬಕ್ಷೀಸು ನಂಗ ಬ್ಯಾಡ."

ಇಷ್ಟು ಹೇಳಿಯೂ ಮೈಕು ಬಿಡಲಿಲ್ಲ. ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಹಿರಿಯರಿಗೆ ನಾಲ್ಕು ಜನರೆದುರು ಅವಮಾನ! ಮಗಳನ್ನು ಕರೆದುಕೊಂಡು ಬರೋಣವೆಂದು ಅರ್ಧ ಎದ್ದೆ. ಹೆಂಡತಿ ಶಾಂತಾ ತೋಳು ಹಿಡಿದು ಜಗ್ಗಿದಳು.

"ಕುಂದರ್ರಿ. ಆಕಿ ಖರೇ ಹೇಳಾಕತ್ತಾಳ."

ಮಾಸ್ತರರು ನಿಧಾನವಾಗಿ ಮೈಕಿನ ಹತ್ತಿರ ಬಂದರು. ಬೈಯುತ್ತಾರೆ ಅಂದುಕೊಂಡೆವು. ಅವರು ಪ್ರಬಂಧದ ಹಾಳೆಯ ಒಂದು ತುದಿ ಹಿಡಿದು, ಇನ್ನೊಂದು ತುದಿಯನ್ನು ಅವಳ ಕೈಗಿತ್ತರು.

"ನಾನೂ ಓದಿಲ್ಲವ್ವಾ. ಸುಳ್ಳು ಹೇಳಿದೆ. ಇಷ್ಟು ವರ್ಷ ಸಾಲಿ ಕಲಿಸೀನಿ, ಗೊತ್ತಿಲ್ಲ ಅಂತ ಒಮ್ಮೆನೂ ಅಂದಾವಲ್ಲ. ಇವತ್ತ ಅಂತೀನಿ. ಎರಡನೇ ಪುಟದಾಗ ಏನೈತಿ, ಹೇಳು ತಂಗಿ."

ಸುಮಾ ಯೋಚಿಸಿದಳು. "ಇನ್ನಾ ಬರದಿಲ್ರಿ."

ಸಭೆ ಘೊಳ್ಳೆಂದಿತು. ಮೊದಲು ಚಪ್ಪಾಳೆ ತಟ್ಟಿದವರು ಮಾಸ್ತರರೇ. ಆಮೇಲೆ ಅದು ನಿಲ್ಲಲೇ ಇಲ್ಲ.

ಬಹುಮಾನ, ನಿಯಮದಂತೆ, ಎರಡನೆಯವಳಿಗೆ ಹೋಯಿತು. ಹೋಗಲಿ. ಬರಿಗೈಯ ಮಗಳ ಕೈ ಹಿಡಿದು ಸ್ಟೇಶನ್ನಿಗೆ ನಾನು ನಡೆದ ಠೀವಿಯನ್ನು ನೀವು ನೋಡಬೇಕಿತ್ತು! ಕಪ್ ಹೊತ್ತವರೂ ಹಾಗೆ ನಡೆಯಲಿಕ್ಕಿಲ್ಲ. ಲೋಕಲ್‌ನಲ್ಲಿ ಕಿಟಕಿಯ ಸೀಟಿನಲ್ಲಿ ಅವಳನ್ನು ಕೂರಿಸಿ, ಬಗ್ಗಿ, ನನಗೂ ಆ ಪುಸ್ತಕ ಗೊತ್ತಿರಲಿಲ್ಲ ಎಂದು ಒಪ್ಪಿಕೊಂಡೆ.

"ಅದು ನಂಗ ಅವತ್ತ ಗೊತ್ತಾತು," ಎಂದಳು. (ಮಕ್ಕಳೆದುರು ಪಂಡಿತರಾಗಲು ಹೋಗಬೇಡಿ.)

ಮನೆಗೆ ಬಂದವನೇ ಟ್ರಂಕು ತೆರೆದೆ. "ಯಾವುದು ಬೇಕು ತೊಗೋ." ನಾಲ್ಕಾರು ಪುಸ್ತಕ ತಿರುವಿ ಹಾಕಿದಳು. ಅಡಿಯಲ್ಲಿ ಒಂದು ಖಾಲಿ ನೋಟ್‌ಬುಕ್ ಬಿದ್ದಿತ್ತು. ಅದನ್ನೇ ಎತ್ತಿಕೊಂಡಳು!

ಹಿರಿಹೊತ್ತಿಗೆ ಈಗ ಒಂಬತ್ತನೆಯ ಪುಟಕ್ಕೆ ಬಂದಿದೆ. ಕನ್ನಡದಲ್ಲಿ ಕೇಳಿದರೆ ಎಷ್ಟೋ ಸಲ ಮರಾಠಿಯಲ್ಲಿ ಉತ್ತರ ಕೊಡುತ್ತಿದ್ದ ಹುಡುಗಿ ಈಗ ನನ್ನ ಬೆನ್ನು ಹತ್ತಿ ಒತ್ತಕ್ಷರ ಕೇಳುತ್ತಾಳೆ. ಅವಳು ಬರೆದದ್ದನ್ನು ಮರಾಠಿಯಲ್ಲಿ ಹೇಳಿಸಿಕೊಳ್ಳಲು ಚಾಳಿನ ಹೆಣ್ಣುಮಕ್ಕಳು ದಿನಾ ಸಂಜೆ ನಮ್ಮ ಬಾಗಿಲಿಗೆ ಬರುತ್ತಾರೆ. ಮುಂದಿನ ಪುಟದಲ್ಲಿ ಏನಿದೆ ಎಂದು ಪೀಡಿಸುತ್ತಾರೆ.

ಇಷ್ಟು ವರ್ಷ ವಾರವಾರವೂ ಬರೆದಿದ್ದೇನಲ್ಲ, ಮುಂದೇನು ಎಂದು ನನ್ನ ಬಾಗಿಲಿಗೆ ಬಂದು ಯಾರಾದರೂ ಒಬ್ಬರು ಕೇಳಿದ್ದುಂಟೇ?